ಗೋಡೆಯಾಚೆ ಕೂಡಿದ್ದು

ಗೋಡೆಯ ಆಚೆ ಪೀಂ ಎಂದಿತು, ಒಮ್ಮೆ ಮಾತ್ರ, ಸಣ್ಣಗೆ, ಬಟ್ಟೆಯ ಗಂಟಿನೊಳಗೆ ಸಿಕ್ಕಿಬಿದ್ದ ಗಡಿಯಾರ ಒದ್ದಾಡಿ ಸುಮ್ಮನಾದ ಹಾಗೆ — ಪಕ್ಕದ ಮನೆಯ ಪ್ರಿಯಾಳ ಮೊಬೈಲಿರಬೇಕು ಎಂದುಕೊಂಡಳು ಸಾಯಿಮಾ, ಹಗಲಾಗಿದ್ದರೆ ಇದು ಕೇಳುತ್ತಲೇ ಇರಲಿಲ್ಲ, ಹಗಲು ಆ ಗೋಡೆಯ ಹಿಂದೆ ನಾಲ್ಕು ಮಗ್ಗಗಳು ಒಟ್ಟಿಗೆ ಬಡಿಯುತ್ತವೆ, ಬೆಟಗೇರಿಯ ಈ ಓಣಿಯಲ್ಲಿ ಎಲ್ಲರೂ ಒಂದು ದನಿ ಮೇಲೆತ್ತಿಯೇ ಮಾತನಾಡುತ್ತಾರೆ, ರಾತ್ರಿ ಹತ್ತಕ್ಕೆ ಮಗ್ಗ ನಿಂತ ಮೇಲೂ ಸ್ವಲ್ಪ ಹೊತ್ತು ಹಾಗೆಯೇ ಒದರುತ್ತಾರೆ, ಆಮೇಲೆ ತಮ್ಮ ದನಿ ತಮಗೇ ಕೇಳಿಸಿ ತಗ್ಗುತ್ತಾರೆ. ಈಗ ಹನ್ನೊಂದೂವರೆ. ಅವಳ ಕೈಯಲ್ಲಿದ್ದ ವಿಡಿಯೋ ಗೇಮಿನ ಕಂಟ್ರೋಲರಿನ ದೀಪ ಬಿಳಿಯಾಗಿ ಮಿನುಗಿ ಮಿನುಗಿ ನೀಲಿಯಾಗಿ ನಿಂತಿತ್ತು. ನೀಲಿ ನಿಂತರೆ ಕೂಡಿತು ಎಂದರ್ಥ, ಮದುವೆಯಾದ ಹೊಸದರಲ್ಲಿ ಅಝೀಮ ಹೇಳಿಕೊಟ್ಟದ್ದು, ಬೆಳ್ಳಗ ಮಿಣಮಿಣ ಅಂದ್ರ ಹುಡುಕಾಕತ್ತೈತಿ, ನೀಲಿ ಆತಂದ್ರ ಸಿಕ್ಕಿತು — ಆದರೆ ಟಿವಿಯ ಮೇಲೆ ಏನೂ ಕದಲಲಿಲ್ಲ. ಒಂದು ಗುಂಡಿ ಒತ್ತಿದಳು, ಇನ್ನೊಂದು ಒತ್ತಿದಳು, ಹೆಬ್ಬೆರಳಿನಡಿಯ ಸ್ಟಿಕ್ ಹೊರಳಿಸಿದಳು, ಪರದೆಯ ಮೇಲಿನ ಚೌಕಗಳು ಹಾಗೆಯೇ ಸಾಲಾಗಿ ನಿಂತಿದ್ದವು. ಅಂಚು ಸವೆದ ಇನ್ನೊಂದು ಕಂಟ್ರೋಲರ್ ಮೊದಲ ಸಲಕ್ಕೇ ಕೂಡಿತ್ತು, ಅದನ್ನು ಆರಿಸಿ ರಟ್ಟಿನ ಡಬ್ಬಿಯಲ್ಲಿ ಇಟ್ಟಾಗಿದೆ, ಹಟ ಹಿಡಿದದ್ದು ಈ ಎರಡನೆಯದು. ನಾಳೆ ಮೊದಲ ಬಸ್ಸಿಗೆ ಲಕ್ಷ್ಮೇಶ್ವರದಿಂದ ಶಫೀಕ ಬರುತ್ತಾನೆ, ಅಝೀಮನ ತಂಗಿ ನೂರೀನಳ ಗಂಡ, ಅವರ ಮಕ್ಕಳಿಗೆಂದು ಈ ಆಟದ ಪೆಟ್ಟಿಗೆಯನ್ನು ಅಝೀಮ ಕೊಟ್ಟುಬಿಡುತ್ತಿದ್ದಾನೆ, ಅವನು ಅದನ್ನು ಮುಟ್ಟಿ ವರ್ಷದ ಹತ್ತಿರ ಬಂತು. ಮಲಗುವ ಮುಂಚೆ ಹೇಳಿದ್ದು, ಎರಡೂ ಚೆಕ್ ಮಾಡಿ ಇಡು, ಒಂದ ಕೊಟ್ರ ಆ ಎರಡೂ ಹುಡುಗುರು ಈಗಿಂದನ ಬ್ಯಾರಿ ಮನಿ ಮಾಡತಾವ. ನೀವ ನೋಡ್ರಲ್ಲ ಎಂದರೆ, ಮುಂಜಾನಿಂದ ಹೊಂಬಳದವರ ಪಂಪಸೆಟ್ಟಿನ ಮೋಟರ್ ಸುತ್ತಿ ಸುತ್ತಿ ಕೈ ಸೋತಾವ, ನೀ ಬಿ.ಎಸ್ಸಿ. ಮಾಡಿದಾಕಿ, ವಾಯರ್ ಇಲ್ಲದ್ದು ನಿನಗ ತಿಳಿತೈತಿ, ವಾಯರ್ ಇದ್ರ ನನಗ ಹೇಳು. ಅಷ್ಟು ಹೇಳಿ ಮಗ್ಗುಲು ಹೊರಳಿದ್ದ, ಈಗ ಒಳಗಿನ ಕೋಣೆಯಿಂದ ಅವನ ಗೊರಕೆ ಒಂದೇ ಅಳತೆಯಲ್ಲಿ ಬರುತ್ತಿದೆ.

ಮೊಬೈಲಿನಲ್ಲಿ ಯಾರೋ ಬರೆದಿಟ್ಟ ಸಲಹೆಗಳನ್ನು ಒಂದೊಂದಾಗಿ ಓದುತ್ತಾಳೆ — ಚಾರ್ಜ್ ಇದೆಯೇ ನೋಡಿ, ಇದೆ, ಅಡ್ಡ ಏನಾದರೂ ಲೋಹದ ವಸ್ತು ಇದೆಯೇ ನೋಡಿ, ಗೋಡ್ರೆಜ್ ಕಪಾಟು ಇದೆ, ಆದರೆ ಅದು ಮದುವೆಯಿಂದಲೂ ಅಲ್ಲೇ ಇದೆ, ಪೆಟ್ಟಿಗೆಯನ್ನು ಪೂರ್ತಿ ಆರಿಸಿ ಒಂದು ನಿಮಿಷ ಬಿಟ್ಟು ಹಚ್ಚಿ, ಹಚ್ಚಿದಳು, ಕಂಟ್ರೋಲರನ್ನು ಆರಿಸಲು ನಡುವಿನ ಗುಂಡಿಯನ್ನು ಹತ್ತು ಎಣಿಸುವವರೆಗೆ ಹಿಡಿಯಿರಿ, ಹಿಡಿದಳು, ನೀಲಿ ಆರಿತು. ಆಗ ಗೋಡೆಯ ಆಚೆ ಮತ್ತೊಮ್ಮೆ ಪೀಂ. ಈ ಸಲ ಅವಳು ಏನನ್ನೂ ಒತ್ತಿರಲಿಲ್ಲ. ಬೆರಳು ಗಾಳಿಯಲ್ಲಿತ್ತು. ಸಾಯಿಮಾ ತಲೆ ಎತ್ತಿ ಗೋಡೆಯನ್ನು ನೋಡಿದಳು, ಗೋಡೆಯಲ್ಲಿ ನೋಡುವಂಥದ್ದು ಏನೂ ಇರಲಿಲ್ಲ, ಕ್ಯಾಲೆಂಡರ್, ಅದರ ಮೊಳೆಯಿಂದ ಇಳಿದ ಕೂದಲೆಳೆಯಂಥ ಬಿರುಕು, ಮಗ್ಗದ ಹೊಡೆತಕ್ಕೆ ಬಿದ್ದದ್ದೆಂದು ಅಝೀಮ ಅದರ ಫೋಟೋ ತೆಗೆಸಿ ವಕೀಲರಿಗೆ ಕೊಟ್ಟಿದ್ದಾನೆ, ತಾನು ಈ ಮನೆಗೆ ಬಂದಾಗಲೂ ಆ ಬಿರುಕು ಇತ್ತು ಎಂದು ಅವಳಿಗೆ ನೆನಪಿದೆ, ಕೇಳಿದ್ದರೆ ಹೇಳುತ್ತಿದ್ದಳೋ ಏನೋ, ಯಾರೂ ಕೇಳಲಿಲ್ಲ. ಆ ಗೋಡೆಯ ಆಚೆ ಅಜಯಕುಮಾರ, ಅವನ ಹೆಂಡತಿ ಪ್ರಿಯಾ, ಅವನ ತಾಯಿ ಬನಶಂಕರೆವ್ವ. ಅಜಯಕುಮಾರ ಮತ್ತು ಅಝೀಮ ಒಂದೇ ಬೆಂಚಿನಲ್ಲಿ ಓದಿದವರು, ಒಂದೇ ದಿನ ಹುಬ್ಬಳ್ಳಿಗೆ ಹೋಗಿ ಒಂದೇ ಅಂಗಡಿಯಲ್ಲಿ ಒಂದೇ ನಮೂನೆಯ ಎರಡು ಆಟದ ಪೆಟ್ಟಿಗೆ ತಂದವರು, ಲೇ ಅಝ್ಯಾ ಬಾರಲೇ, ಇವತ್ತ ನಿನ್ನ ಟೀಮ್ ಹೂಳತೀನಿ ಎಂದು ಅವನು ಆ ಕಡೆಯಿಂದ ಗೋಡೆ ಗುದ್ದುತ್ತಿದ್ದ, ಇವನು ಕಂಟ್ರೋಲರನ್ನು ಲುಂಗಿಯ ಮಡಿಕೆಯಲ್ಲಿ ಸಿಕ್ಕಿಸಿಕೊಂಡು ಹೋಗುತ್ತಿದ್ದ, ಹೋದವನು ಊಟಕ್ಕೂ ಬರುತ್ತಿರಲಿಲ್ಲ, ಬನಶಂಕರೆವ್ವನೇ ರೊಟ್ಟಿ ಬಡಿದು ಹಾಕುತ್ತಿದ್ದಳು. ಮಗ್ಗದ ಸಪ್ಪಳದ ಮೇಲೆ ಅಝೀಮ ಹಾಕಿದ ಕೇಸಿಗೆಂದು ಈಗ ಇಬ್ಬರೂ ತಾರೀಖಿನ ದಿನ ಗದುಗಿನ ಕೋರ್ಟಿನ ಮುಂದೆ ಬೇರೆ ಬೇರೆ ಗಿಡದ ಕೆಳಗೆ ನಿಲ್ಲುತ್ತಾರೆ. ಮಧ್ಯಾಹ್ನ ಒಂದರಿಂದ ನಾಲ್ಕರವರೆಗೆ ಮಗ್ಗ ನಿಲ್ಲಿಸಬೇಕೆಂದು ಆದೇಶವಾಗಿದೆ, ಅದು ಸದ್ಯಕ್ಕೆ, ಬರುವ ತಿಂಗಳ ತಾರೀಖಿಗೆ ಮಗ್ಗಗಳನ್ನೇ ಮನೆಯಿಂದ ಕಿತ್ತು ಬೇರೆ ಕಡೆ ಒಯ್ಯಬೇಕೆಂದಾದರೂ ಆಗಬಹುದು, ನಮ್ಮ ಮನ್ಯಾವರು ಯಾರೂ ಆ ಹೊಸ್ತಿಲಾ ತುಳಿಬಾರದು ಎಂದು ಅಝೀಮ ಅಂದಿದ್ದಾನೆ, ಅಂದದ್ದನ್ನು ಎಲ್ಲರೂ ಕೇಳಿಕೊಂಡಿದ್ದಾರೆ. ಇಷ್ಟಕ್ಕೆಲ್ಲ ಒಂದು ವಾಕ್ಯ ಮೂಲ. ಮಗ್ಗದ ಸಪ್ಪಳದಾಗ ನನಗ ಕೇಳಸಲಿಲ್ಲ. ಮೊಹರಂ ಮುಗಿದ ಮರುವಾರ ಆಸ್ಪತ್ರೆಯ ಪಡಸಾಲೆಯಲ್ಲಿ ನಿಂತು ಸಾಯಿಮಾ ಹೇಳಿದ ವಾಕ್ಯ ಅದು, ಮಾತನ್ನು ಅಳೆದು ಆಡುವವಳು ಎಂದು ಅವಳಿಗೆ ಹೆಸರು, ಅಂದೂ ಅಳೆದೇ ಆಡಿದ್ದಳು.

ಬೇಡ, ಈಗ ಅದು ಬೇಡ, ಕಂಟ್ರೋಲರ್. ಇದು ಎಲ್ಲಿ ಸಿಕ್ಕಿತು ಎಂಬುದನ್ನು ಮೊದಲು ಯೋಚಿಸಬೇಕು, ಇದು ಡಬ್ಬಿಯಲ್ಲಿ ಇರಲಿಲ್ಲ, ಟಿವಿಯ ಕೆಳಗೂ ಇರಲಿಲ್ಲ, ಅತ್ತೆ ಮೋತಿಬಿಯ ತಲೆದಿಂಬಿನ ಕವರಿನೊಳಗೆ ಇತ್ತು. ಮಾತ್ರೆ ತೆಗೆದುಕೊಂಡು ಮಲಗಿದ್ದ ಅವರ ತಲೆಯನ್ನು ಒಂದು ಕೈಯಿಂದ ಎತ್ತಿ ಇನ್ನೊಂದು ಕೈಯಿಂದ ಎಳೆದು ತೆಗೆದಳು, ಅವರು ಮಿಸುಕಲಿಲ್ಲ. ವಯಸ್ಸಾದವರು ಒಂದೊಂದು ವಸ್ತುವಿಗೆ ಅಂಟಿಕೊಳ್ಳುತ್ತಾರೆ ಅಂದುಕೊಂಡಿದ್ದಳು, ಖಾಲಿ ಅತ್ತರಿನ ಸೀಸೆ, ಹಳೆಯ ಬಸ್ಸಿನ ಟಿಕೇಟು, ಇದೂ ಹಾಗೆ. ರಾತ್ರಿ ಊಟಕ್ಕೆ ಕುಳಿತಾಗ ಮೋತಿಬಿ ಹೇಳಿದ್ದರಲ್ಲ, ಅದರಾಗ ಒಂದು ಇರ್ಲಿ ಬಿಡೋ ಅಝೀಮ, ಎರಡೂ ಯಾಕ ಕೊಡ್ತಿ. ಅಝೀಮ ನಕ್ಕಿದ್ದ, ನಿನಗ್ಯಾಕ ಅಮ್ಮಾ, ಟೀಮಿಗೆ ಸೇರಾಕಿ ಏನ. ಸೇರಿದ್ರ ನಿನಗಿಂತ ಚಲೋ ಆಡೇನಿ ತಗೊ, ಎಂದು ಮೋತಿಬಿ ತುತ್ತು ಕಲಸಿದ್ದರು, ಬಲಗೈಯಲ್ಲಿ. ಪಾರ್ಶ್ವವಾಯು ಹೊಡೆದಾಗ ಆ ಬಲಗೈ ಒದ್ದೆ ಬಟ್ಟೆಯ ಹಾಗೆ ಜೋತುಬಿದ್ದಿತ್ತು. ಮಾತೂ ಹೋಗಿತ್ತು, ಮರಳಿ ಬಂದಾಗ ಮನೆಮಾತು ಉರ್ದು ತೊಡರಿ ತೊಡರಿ ಬಂತು, ಕನ್ನಡ ಮಾತ್ರ ನೆಟ್ಟಗೆ ಬಂತು, ಡಾಕ್ಟರಿಗೂ ಸೋಜಿಗ, ಓಣಿಯ ಹಳಬರಿಗೆ ಸೋಜಿಗವಿಲ್ಲ, ಇಪ್ಪತ್ತು ವರ್ಷ ಪಕ್ಕದ ಮನೆಯ ಮಗ್ಗಕ್ಕೆ ನೂಲಿನ ಕಂಡಿಕೆ ಸುತ್ತಿ ಕೊಟ್ಟವರು ಅವರು, ರಾಟೆಯ ಮುಂದೆ ಮೋತಿಬಿ, ಮಗ್ಗದ ಗುಂಡಿಯೊಳಗೆ ಕಾಲು ಇಳಿಬಿಟ್ಟು ಬನಶಂಕರೆವ್ವ, ಹಗಲೆಲ್ಲ ಮಾತು, ಆ ಮಾತು ಕನ್ನಡದ್ದು, ಅದು ಬೇರೆ ಎಲ್ಲೋ ಗಟ್ಟಿಯಾಗಿ ಕುಳಿತಿತ್ತೇನೋ. ಅಂದಿನಿಂದ ಮನೆಯವರೆಲ್ಲ ಅವರೊಡನೆ ಕನ್ನಡದಲ್ಲೇ ಮಾತನಾಡುತ್ತಾರೆ. ಕೈಗೆ ಸಾಯಿಮಾ ದಿನಾ ಎರಡು ಹೊತ್ತು ಎಣ್ಣೆ ತಿಕ್ಕುತ್ತಾಳೆ, ರಬ್ಬರ್ ಚೆಂಡು ಹಿಚುಕಿಸುತ್ತಾಳೆ, ಐವತ್ತು ಸಲ, ಮೋತಿಬಿ ಹತ್ತಕ್ಕೆ ಸೋತು ಚೆಂಡು ಉರುಳಿಸಿಬಿಡುತ್ತಿದ್ದರು. ಆದರೂ ನಾಲ್ಕು ತಿಂಗಳಿಂದ ಬೆರಳು ಬಿಚ್ಚತೊಡಗಿದವು, ಮೊದಲು ಹೆಬ್ಬೆರಳು, ಆಮೇಲೆ ತೋರುಬೆರಳು, ಸೊಸಿ ಪುಣ್ಯಾ ಮಾಡ್ಯಾಳ ನೋಡ್ರಿ ಎಂದು ಡಾಕ್ಟರ್ ಎಲ್ಲರ ಮುಂದೆ ಅಂದರು, ಅಝೀಮ ಬರುವಾಗ ದಾರಿಯಲ್ಲಿ ಗಾಡಿ ನಿಲ್ಲಿಸಿ ಅವಳಿಗೆ ಚುರುಮುರಿಯ ಗಿರಮಿಟ್ಟು ಕೊಡಿಸಿದ, ತಿನ್ನುತ್ತ ಅವಳು ತನ್ನ ಕೈಗಳನ್ನೇ ನೋಡಿಕೊಂಡಿದ್ದಳು.

ಮತ್ತೆ ಒತ್ತಿದಳು. ಬಿಳಿ, ಬಿಳಿ, ಬಿಳಿ, ಆಮೇಲೆ ಗೋಡೆಯ ಆಚೆ ಪೀಂ, ಅದರ ಹಿಂದೆಯೇ ನೀಲಿ. ಕೆಲವನ್ನು ಮನುಷ್ಯ ತಿಳಿದ ಮೇಲೂ ಸ್ವಲ್ಪ ಹೊತ್ತು ತಿಳಿಯದವರ ಹಾಗೆ ಇರಬಹುದು, ಸಾಯಿಮಾ ಹಾಗೆ ಇದ್ದು ನೋಡಿದಳು, ಆಗಲಿಲ್ಲ, ಮಕ್ಕಳಿಗೆ ವಿಜ್ಞಾನ ಕಲಿಸುವವಳು, ಒಂದು ಸಲ ಆದದ್ದು ಮತ್ತೊಂದು ಸಲ ಆಗುತ್ತದೆಯೇ ನೋಡಿ ಎಂದು ದಿನಾ ಹೇಳುವವಳು. ಆರಿಸಿದಳು. ಅಡಿಗೆ ಮನೆಯ ಆಚೆ, ಬಚ್ಚಲಿನವರೆಗೆ ಹೋಗಿ ಒತ್ತಿದಳು, ಬಿಳಿ ಮಿನುಗುತ್ತಲೇ ಇತ್ತು, ಮಿನುಗಿ ದಣಿದು ತಾನೇ ಆರಿತು. ಮರಳಿ ಗೋಡೆಯ ಹತ್ತಿರ ಬಂದು ಒತ್ತಿದಳು, ನೀಲಿ. ಮನೆಯೊಳಗಿನ ಪೆಟ್ಟಿಗೆ ಮೂರು ಮೊಳ ದೂರದಲ್ಲಿ ಕುಳಿತಿದೆ, ಅದನ್ನು ಇದು ಗುರುತೇ ಹಿಡಿಯುವುದಿಲ್ಲ, ಗೋಡೆಯ ಆಚೆಗಿನದನ್ನು ಎಬ್ಬಿಸುತ್ತದೆ. ಕಂಟ್ರೋಲರ್ ಕೊನೆಗೆ ಯಾವ ಪೆಟ್ಟಿಗೆಗೆ ಕೂಡಿಸಲ್ಪಟ್ಟಿತೋ ಅದನ್ನೇ ಹುಡುಕುತ್ತದೆ, ಬೇರೆ ಪೆಟ್ಟಿಗೆಗೆ ತಂದರೆ ವಾಯರ್ ಹಚ್ಚಿ ಒಮ್ಮೆ ಗುಂಡಿ ಒತ್ತಬೇಕು, ಆಗ ಹಳೆಯ ನಂಟು ಅಳಿಸಿಹೋಗುತ್ತದೆ — ಸಲಹೆಗಳ ಪಟ್ಟಿಯಲ್ಲಿ ಕೊನೆಯದು ಇದು, ಎಲ್ಲಕ್ಕಿಂತ ಸುಲಭದ್ದನ್ನು ಯಾಕೆ ಕೊನೆಗೆ ಬರೆಯುತ್ತಾರೋ. ಅಂದರೆ ಇದನ್ನು ಯಾರೋ ಆ ಮನೆಗೆ ಒಯ್ದಿದ್ದಾರೆ. ವರ್ಷದ ಹಿಂದೆ ಅಝೀಮ ಒಯ್ದದ್ದಾದರೆ ಇದರಲ್ಲಿ ಇಷ್ಟು ಚಾರ್ಜ್ ಉಳಿಯುತ್ತಿರಲಿಲ್ಲ, ಈಗ ಅವನು ಒಯ್ಯುವವನಲ್ಲ. ತಾನು ಒಯ್ದಿಲ್ಲ. ಮತ್ತೆ ಉಳಿದವರು ತಲೆದಿಂಬಿನವರು. ಸಾಯಿಮಾ ಬೆಳಿಗ್ಗೆ ಒಂಬತ್ತಕ್ಕೆ ಶಾಲೆಗೆ ಹೋಗುತ್ತಾಳೆ, ಮನೆಗೆಲಸದ ಹನಮಂತವ್ವ ಎರಡರ ತನಕ ಇರುತ್ತಾಳೆ, ಎರಡರಿಂದ ನಾಲ್ಕೂವರೆವರೆಗೆ ಮೋತಿಬಿ ಒಬ್ಬರೇ, ಅದಕ್ಕೇ ಸಾಯಿಮಾ ಪ್ರತಿ ಅರ್ಧ ತಾಸಿಗೆ ಫೋನ್ ಮಾಡುತ್ತಾಳೆ, ತರಗತಿಯ ನಡುವೆ ಬಾಗಿಲ ಮರೆಗೆ ನಿಂತು, ಅಮ್ಮಿ ಎಲ್ಲಿ ಅದೀರಿ, ಇಲ್ಲೇ ಅದೀನಿ, ಏನ್ ಮಾಡಾಕತ್ತೀರಿ, ಏನ್ ಮಾಡ್ಲಿ, ಕುಂತೀನಿ. ಇಲ್ಲೇ ಎಂದರೆ ಎಲ್ಲಿ ಎಂದು ಅವಳು ಒಮ್ಮೆಯೂ ಕೇಳಲಿಲ್ಲ. ಒಂದರಿಂದ ನಾಲ್ಕು, ಮಗ್ಗ ನಿಂತ ಹೊತ್ತು, ಫೋನಿನಲ್ಲಿ ಯಾವ ಸಪ್ಪಳವೂ ಬರುವುದಿಲ್ಲ, ಆ ಸಪ್ಪಳವಿಲ್ಲದ ಹೊತ್ತನ್ನು ಅವರಿಗೆ ಆದೇಶ ಮಾಡಿಸಿ ಕೊಟ್ಟವನು ಅವರ ಮಗನೇ.

ಮೋತಿಬಿ. ಹಿತ್ತಲ ಕಡೆಯಿಂದ ಯಾರೋ ಕರೆದರು, ಪಿಸುದನಿಯಲ್ಲಿ, ಮೋತಿಬಿ, ಏನಾತವಾ. ಸಾಯಿಮಾ ಬರಿಗಾಲಲ್ಲಿ ಹೋಗಿ ಹಿಂದಿನ ಬಾಗಿಲ ಅಗುಳಿ ಸರಿಸಿದಳು. ಎರಡೂ ಹಿತ್ತಲ ನಡುವಿನ ಗಿಡ್ಡ ಗೋಡೆಯ ಆಚೆ ಬನಶಂಕರೆವ್ವ ನಿಂತಿದ್ದಳು, ಸೆರಗು ತಲೆಯ ಮೇಲೆ, ಕೈಯಲ್ಲಿ ಬ್ಯಾಟರಿ, ಅದನ್ನು ಹೊಟ್ಟೆಗೆ ಒತ್ತಿ ಹಿಡಿದಿದ್ದಳು, ಬೆಳಕು ಸೀರೆಯೊಳಗೆ ಮಂಕಾಗಿ ಉರಿಯುತ್ತಿತ್ತು. ಒಂದು ಕಾಲನ್ನು ಆಗಲೇ ಕಲ್ಲಿನ ಮೇಲೆ ಇಟ್ಟಿದ್ದಳು, ಗೋಡೆ ಹತ್ತುವವಳ ಹಾಗೆ, ಅರವತ್ತೈದು ದಾಟಿದವಳು. ನಾನ್ರೀ ಅವ್ವಾರ, ಸಾಯಿಮಾ. ಬನಶಂಕರೆವ್ವ ಕಾಲನ್ನು ಕೆಳಗಿಳಿಸಿದಳು. ಮೋತಿಬಿ? ಮಲಗ್ಯಾರ್ರೀ, ಆರಾಮ ಅದಾರ. ಖರೆ ಹೇಳು. ಖರೇನ ರೀ. ಹಂಗಾರ ಒತ್ತಿದವರು ಯಾರು? ನಾನ, ಇದು ಕೂಡವಲ್ದಾಗಿತ್ತು, ಚೆಕ್ ಮಾಡಾಕತ್ತಿದ್ದೆ. ಬನಶಂಕರೆವ್ವ ಗೋಡೆಯ ಮೇಲೆ ಎರಡೂ ಕೈ ಊರಿದಳು, ನನ್ನ ಜೀವಾ ಹೋಗಿ ಬಂತು ತಂಗಿ, ಮದ್ಲ ಒಂದ ಸಲ ಆತು, ಎದ್ದು ಆರಿಸಿ ಕುಂತೆ, ಮಗ್ಗಲಾಗುವಾಗ ಕೈಬಟ್ಟ ತಾಗಿರಬೇಕು ಅಂತ, ಮತ್ತ ಆತು, ಮತ್ತ ಆತು, ಆಗ ಎದಿ ಢಮ್ಮಂತು. ಏನದು ಎಂದು ಸಾಯಿಮಾ ಕೇಳಿದಳು, ಕೇಳುವ ಅವಶ್ಯಕತೆ ಇರಲಿಲ್ಲ, ಆದರೂ ಕೇಳಿದಳು. ಏನದು ಅಂದ್ರ, ಗಂಟಿ, ರಾತ್ರಿ ಏನರ ಆದ್ರ ಒತ್ತು ಅಂತ ಹೇಳೀನಿ, ನಾ ಆ ಆಟದ ಡಬ್ಬಿ ಮಗ್ಗಲಾಗ ಮಕ್ಕೋತೀನಿ, ಕುಂಯ್ ಅಂದ್ರ ಎಚ್ಚರಾಗತೈತಿ. ಅದು ನಿಮ್ಮದಕ್ಕ ಹೆಂಗ ಕೂಡಿತ್ರೀ? ಅಯ್ಯ, ಅದೇನ್ ನಾ ಓದಿದಾಕಿ ಏನವಾ, ಒಂದಿನ ಇದರಾಗ ಚಾರ್ಜ್ ಇದ್ದಿಲ್ಲಂತ ಪ್ರಿಯಾ ನಮ್ಮ ವಾಯರ್ ಹಚ್ಚಿದ್ಲು, ಅವತ್ತಿಂದ ನಮ್ಮದಕ್ಕ ಬಂದು ಕುಂತತಿ, ನಿಮ್ಮತ್ತಿ ಮನ್ಯಾಗ ಒತ್ತಿದ್ರ ನಮ್ಮಲ್ಲಿ ದೀಪ ಹತ್ತತೈತಿ, ನಾವಿಬ್ಬರೂ ನಕ್ಕು ನಕ್ಕು ಸಾಕಾತು. ಮತ್ತ ಇದನ್ಯಾಕ ನಿಮ್ಮ ಮನಿಗೆ ತರತಿದ್ರು? ಆಡಾಕ. ಏನ್ ಆಡಾಕ? ಹಣ್ಣು ಒಡ್ಯೂದು, ಮ್ಯಾಲಿಂದ ಬಣ್ಣಬಣ್ಣದ ಹಣ್ಣು ಬೀಳತಾವ, ಒಡೀಬೇಕು, ನನಗ ಸಂದಬ್ಯಾನಿ, ಆಕಿಗೆ ಆ ಕೈ, ಪ್ರಿಯಾನ ಹೇಳಿದ್ಲು ಕೈಬಟ್ಟಿಗೆ ಚಲೋ ಆಗತೈತಿ ಅಂತ, ಆದ್ರ ನಿಮ್ಮತ್ತಿ ಭಾಳ ಕಳ್ಳಿ, ನನ್ನ ಪಾಲಿನ ಹಣ್ಣೂ ಆಕೀನ ಒಡೀತಾಳ, ಕೇಳಿದ್ರ ಕಣ್ಣು ಮಂಜಾಗ್ಯಾವ ಕಾಣಲಿಲ್ಲ ಅಂತಾಳ. ಬನಶಂಕರೆವ್ವ ನಕ್ಕಳು. ಸಾಯಿಮಾ ಐವತ್ತು ಸಲ ಹಿಚುಕಬೇಕಾದ ಚೆಂಡನ್ನು ನೆನೆದಳು, ಎರಡು ಹೊತ್ತಿನ ಎಣ್ಣೆಯನ್ನು ನೆನೆದಳು, ಗಿರಮಿಟ್ಟನ್ನು ನೆನೆದಳು.

ನನ್ನ ಕೂಗಬಹುದಿತ್ತಲ್ರೀ, ಎಂದಳು, ಮಗ್ಗಲ ಖೋಲ್ಯಾಗ ನಾ ಇರತೀನಿ, ಬಾಗಿಲಾ ಹಾಕೂದನ ಇಲ್ಲ, ಎರಡ ಸಲ ಎದ್ದು ನೋಡತೀನಿ, ಗಂಟಿ ಯಾಕ ಬೇಕಿತ್ತು.  ಬನಶಂಕರೆವ್ವ ಬ್ಯಾಟರಿ ಆರಿಸಿದಳು. ಕತ್ತಲಲ್ಲಿ ಅವಳ ದನಿ ಮಾತ್ರ ಉಳಿಯಿತು, ಕೋಪವಿಲ್ಲದ, ನೂಲು ಹರಿದದ್ದನ್ನು ಹುಡುಕಿ ಗಂಟು ಹಾಕುವಾಗ ಅವಳು ಆಡುವ ದನಿ. ನಿನಗ ಕೇಳಸಂಗಿಲ್ಲ ಅಂತಾಳ ನಿಮ್ಮತ್ತಿ, ತಂಗಿ. ಆಕಿ ಬಿದ್ದ ದಿನ ಕರೆಂಟ್ ಹೋಗಿತ್ತು, ಮಗ್ಗ ನಿಂತಿದ್ದವು, ಆಕಿ ಕೂಗೇ ಕೂಗ್ಯಾಳ, ನಮ್ಮಲ್ಲಿ ಯಾರೂ ಇದ್ದಿಲ್ಲ, ಕೆಲಸಿಲ್ಲಂತ ನಾವೂ ಹಿಂದಿನ ಓಣ್ಯಾಗ ಬೀಗರ ಮನಿಗೆ ಹೋಗಿದ್ವಿ, ನೀ ಮ್ಯಾಲಿದ್ದಿ.  ನನಗ ಹೇಳ್ಯಾಳ, ಮಾತು ಬಂದ ಹೊಸದರಾಗ, ನನ್ನ ಕೈ ಹಿಡದು ಆಣಿ ಹಾಕಿಸ್ಯಾಳ, ನಾ ನನ್ನ ಮಗನ ಮುಂದೂ ಆಡಿಲ್ಲ, ಕರೆಂಟ್ ಹೋಗೂಕಿಂತ ಮದ್ಲ, ಮಗ್ಗ ನಡದಾಗ ಬಿದ್ಲು ಅಂತನ ಅವನೂ ತಿಳಕೊಂಡಾನ, ಖರೆ ಗೊತ್ತಾದ್ರ ನಾಳಿ ಮುಂಜಾನಿ ವಕೀಲರ ಮನಿ ಬಾಗಿಲಾ ಬಡೀತಾನ, ಮಗ್ಗ ಹೋದ್ರ ಅವನರ ಏನ್ ಮಾಡಬೇಕು. ಯಾಕ ಆಣಿ ಹಾಕಿಸಿದ್ರು? ಯಾಕಂದ್ರ, ನಿನ್ನ ಗಂಡಗ ಗೊತ್ತಾದ್ರ ನಿನ್ನ ಮಾರಿ ನೋಡತಾನೇನ, ಅದಕ್ಕ. ಆಮೇಲೆ ಇಷ್ಟೇ ಅಂದಳು, ನಾ ಹೇಳಾಂಗಿಲ್ಲ, ಹೇಳೂದಿದ್ರ ಹೇಳಾಕಿ ನೀನು, ಇಲ್ಲಾಂದ್ರ ಬಿಡು, ತಿಂಗಳ ತಾರೀಖು ಐತಿ, ನೋಡು ನಿನ್ನ ಮನಸಿಗೆ ಬಂದಂಗ, ನಾ ಹೋಗಿ ಡಬ್ಬಿ ಆರಸ್ತೀನಿ, ಬಿಸಿ ಆಗತೈತಿ. ಚಪ್ಪಲಿಯ ಸಪ್ಪಳ ದೂರವಾಯಿತು. ಸ್ವಲ್ಪ ಹೊತ್ತಿಗೆ ಒಳಗೆ ಎಲ್ಲೋ ಪೀಂ.

ಅಂದು ಮಧ್ಯಾಹ್ನ ಎರಡೂ ಇಪ್ಪತ್ತೈದಕ್ಕೆ ಕರೆಂಟ್ ಹೋಗಿತ್ತು. ಸಾಯಿಮಾ ಅದನ್ನು ಯಾರೂ ಕೇಳದಿದ್ದರೂ ನಿಮಿಷ ಸಮೇತ ಹೇಳಬಲ್ಲಳು, ಯಾಕೆಂದರೆ ಮೇಲಿನ ಕೋಣೆಯ ಫ್ಯಾನ್ ನಿಂತಾಗ ಮೊಬೈಲಿನಲ್ಲಿ ನೋಡಿದ್ದಳು, ಶಿಕ್ಷಕರ ಅರ್ಹತಾ ಪರೀಕ್ಷೆಗೆ ಓದುತ್ತಿದ್ದ ದಿನಗಳು, ಶಾಲೆಯ ಕೆಲಸ ಇನ್ನೂ ಸಿಕ್ಕಿರಲಿಲ್ಲ, ಕಿವಿಯಲ್ಲಿ ಎರಡೂ ಇಯರ್‌ಬಡ್, ಮನೋವಿಜ್ಞಾನದ ಪಾಠ, ಮಗುವಿನ ಕಲಿಕೆಯ ಹಂತಗಳು, ಆ ಪಾಠ ಹೇಳುವವನ ದನಿ ಅವಳಿಗೆ ಹಿಡಿಸಿತ್ತು, ಅದನ್ನೂ ಯಾರಿಗೂ ಹೇಳಿಲ್ಲ, ಒಂದರ ಹಿಂದೆ ಒಂದು ಮೂರು ಪಾಠ ಕೇಳಿದಳು. ನಾಲ್ಕಕ್ಕೆ ಕರೆಂಟ್ ಬಂತು. ಫ್ಯಾನ್ ತಿರುಗಿತು, ಪಕ್ಕದಲ್ಲಿ ಬೀಗರ ಮನೆಗೆ ಹೋದವರು ಮರಳಿ ಬಂದು ಮಗ್ಗ ಹಚ್ಚಿದರು, ಆ ಬಡಿತಕ್ಕೆ ಪಾಠ ಕೇಳಿಸದಾಯಿತು, ಇಯರ್‌ಬಡ್ ಕಿತ್ತು ಚಹಾ ಮಾಡಲೆಂದು ಇಳಿದು ಬಂದಳು. ಅಡಿಗೆ ಮನೆಯ ನೆಲದ ಮೇಲೆ ಮೋತಿಬಿ, ಬಲಮಗ್ಗುಲಾಗಿ, ಕಣ್ಣು ತೆರೆದೇ ಇತ್ತು, ಬಾಯಿ ಒಂದು ಕಡೆಗೆ ಇಳಿದಿತ್ತು, ದನಿ ಮುಗಿದುಹೋಗಿತ್ತು, ಎಡಗೈಯ ಹೆಬ್ಬೆರಳು ಮಾತ್ರ ಶಹಾಬಾದ ಕಲ್ಲಿನ ಮೇಲೆ ಒತ್ತುತ್ತಿತ್ತು, ಎತ್ತುತ್ತಿತ್ತು, ಒತ್ತುತ್ತಿತ್ತು. ಎಷ್ಟು ಹೊತ್ತಿನಿಂದ ಎಂದು ಆ ಕಲ್ಲಿಗೆ ಗೊತ್ತು. ಆಸ್ಪತ್ರೆಯಲ್ಲಿ ಡಾಕ್ಟರ್, ಒಂದ ತಾಸು ಮದ್ಲ ತಂದಿದ್ರ ಕೈ ಉಳೀತಿತ್ತು, ಎಷ್ಟೊತ್ತಿಗೆ ಬಿದ್ದರು? ನಾ ಇಳದು ಬಂದಾಗ ನಾಲ್ಕು. ಅದು ಸುಳ್ಳಲ್ಲ. ಅಝೀಮ, ಮೋಟರಿನ ಮಸಿ ಕೈಯಲ್ಲೇ ಓಡಿ ಬಂದವನು, ಕೂಗಿರಬೇಕಲ್ಲಲೇ, ಕೂಗಿರಬೇಕಲ್ಲ. ಮಗ್ಗದ ಸಪ್ಪಳದಾಗ ನನಗ ಕೇಳಸಲಿಲ್ಲ. ಅವಳು ಇಳಿದು ಬಂದಾಗ ಮಗ್ಗ ನಿಜವಾಗಿಯೂ ಬಡಿಯುತ್ತಿದ್ದವು, ವಾಕ್ಯದ ಒಂದೊಂದು ಪದವನ್ನೂ ಬೇರೆ ಮಾಡಿ ನೋಡಿದರೆ ಎಲ್ಲಿಯೂ ಸುಳ್ಳಿಲ್ಲ, ಬೇರೆ ಮಾಡಿ ನೋಡಿದ್ದಾಳೆ, ಹಲವು ರಾತ್ರಿ. ಕೂಗೇ ಕೂಗ್ಯಾಳ. ಏನೆಂದು ಕೂಗಿದರು, ಸಾಯಿಮಾ ಎಂದೋ, ಬೇಟಾ ಎಂದೋ, ಬನಶಂಕರಿ ಎಂದೋ. ಆ ನಿಶ್ಶಬ್ದದಲ್ಲಿ, ಒಂದು ಮಗ್ಗವೂ ಆಡದ ಮಧ್ಯಾಹ್ನದಲ್ಲಿ, ತಮ್ಮ ದನಿ ಮೆಟ್ಟಿಲು ಹತ್ತಿ ಹೋಗಿ ಬರಿಗೈಯಲ್ಲಿ ಇಳಿದು ಬಂದದ್ದನ್ನು ಕೇಳುತ್ತ ಮಲಗಿದ್ದವರು, ಆಮೇಲೆ ಇಷ್ಟು ತಿಂಗಳು ಅವಳ ಕೈಯಿಂದಲೇ ಗಂಜಿ ಕುಡಿದರು, ಎಣ್ಣೆ ತಿಕ್ಕಿಸಿಕೊಂಡರು, ಒಳ್ಳೇದಾಗಲಿ ಬೇಟಾ ಎಂದರು, ರಾತ್ರಿಗೆಂದು ಗೋಡೆಯ ಆಚೆ ಒಂದು ಗಂಟೆ ಕಟ್ಟಿಕೊಂಡರು.

ವಾಯರ್ ಕೈಯಲ್ಲಿದೆ. ಒಂದು ತುದಿ ಪೆಟ್ಟಿಗೆಗೆ ಹಚ್ಚಿಯಾಗಿದೆ, ಇನ್ನೊಂದು ತುದಿಯನ್ನು ಕಂಟ್ರೋಲರಿಗೆ ಸಿಕ್ಕಿಸಿ ಒಮ್ಮೆ ಒತ್ತಿದರೆ ಮುಗಿಯಿತು, ಆಚೆಯದನ್ನು ಇದು ಮರೆಯುತ್ತದೆ, ಬೆಳಿಗ್ಗೆ ಶಫೀಕ ಎರಡನ್ನೂ ಒಯ್ಯುತ್ತಾನೆ. ಒಯ್ದರೆ ಏನಾಗುತ್ತದೆ, ಮೋತಿಬಿ ದಿಂಬಿನೊಳಗೆ ಕೈ ಹಾಕುತ್ತಾರೆ, ಸಿಗುವುದಿಲ್ಲ, ಕೇಳುವಂತಿಲ್ಲ, ಅವಳನ್ನು ನೋಡುತ್ತಾರೆ. ಅಥವಾ ಈಗಲೇ ಒಳಗೆ ಹೋಗಿ ಅಝೀಮನ ಭುಜ ಅಲುಗಿಸಿ ಹೇಳಬಹುದು, ಏಳ್ರಿ, ಒಂದು ಮಾತೈತಿ, ಮಗ್ಗ ನಿಂತಿದ್ದವು. ನಾಲ್ಕೇ ಮಾತು, ತಾರೀಖಿನ ಒಳಗೆ ಹೇಳಿದರೂ ಆಯಿತು, ಗೋಡೆಯ ಆಚೆಯ ನಾಲ್ಕು ಮಗ್ಗ ತಮ್ಮ ಜಾಗದಲ್ಲಿ ಉಳಿಯುತ್ತವೆ, ಈಚೆಯ ಮನೆಯಲ್ಲಿ ಏನು ಉಳಿಯುತ್ತದೆಂದು ಅವಳು ಎಣಿಕೆ ಹಾಕಿ ನೋಡಿದಳು, ಎಣಿಕೆ ಬೇಗ ಮುಗಿಯಿತು. ಗೊರಕೆ ನಿಂತದ್ದು ಅವಳಿಗೆ ತಡವಾಗಿ ತಿಳಿಯಿತು. ಅಝೀಮ ಬಚ್ಚಲಿಗೆ ಹೋಗುತ್ತ ಬಾಗಿಲಲ್ಲಿ ನಿಂತ, ಕಣ್ಣು ಅರ್ಧ ಮುಚ್ಚಿ, ಇನ್ನಾ ಕುಂತಿಯಲ್ಲ, ಆತೇನ? ಒಂದು ಕೂಡತೈತಿ, ಎಂದಳು. ಇನ್ನೊಂದು? ಅದು ಕೆಟ್ಟೈತಿ, ಕೂಡಾಂಗಿಲ್ಲ. ವಾಯರ್ ಹಚ್ಚಿ ನೋಡಿದೇನ? ಹಚ್ಚಿ ನೋಡಿದೆ. ಅಝೀಮ ಆಕಳಿಸಿದ, ನಿನ್ನ ಬಿ.ಎಸ್ಸಿ. ಇಷ್ಟ ಹಂಗಾರ, ಇರ್ಲಿ ಬಿಡು, ಒಂದ ಒಯ್ಲಿ, ಹೊಡದಾಡಲಿ, ಎಂದು ಹೋದ, ನೀರಿನ ಸಪ್ಪಳ, ಮರಳಿ ಬಂದ, ಹಾಸಿಗೆ ಕಿರ್ರೆಂದಿತು. ಹೇಳಬಹುದಾದ ಒಂದು ಹೊತ್ತು ಹಾಗೆ ಬಂದು ಬಚ್ಚಲಿಗೆ ಹೋಗಿ ಮರಳಿ ಮಲಗಿತು.

ಸಾಯಿಮಾ ವಾಯರನ್ನು ಸುತ್ತಿ ಡಬ್ಬಿಯಲ್ಲಿಟ್ಟಳು, ಡಬ್ಬಿಗೆ ಟೇಪು ಹಚ್ಚಿದಳು, ಟಿವಿ ಆರಿಸಿದಳು. ಕಂಟ್ರೋಲರನ್ನು ಹಿಡಿದು ಮೋತಿಬಿಯ ಕೋಣೆಗೆ ಹೋದಳು. ಸಣ್ಣ ದೀಪದ ಬೆಳಕಿನಲ್ಲಿ ಅವರು ಗೋಡೆಯ ಕಡೆಗೆ ಮುಖ ಮಾಡಿ ಮಲಗಿದ್ದರು, ಮಾತ್ರೆಯ ನಿದ್ದೆಗೆ ಉಸಿರು ಇಷ್ಟು ಹಗುರವಾಗಿ ಇರುವುದಿಲ್ಲ ಎಂದು ಅವಳಿಗೆ ಗೊತ್ತಿದೆ, ದಿನಾ ನೋಡುವವಳು. ಅಮ್ಮಿ, ಎಂದಳು, ದನಿ ಇಲ್ಲದೆ.  ತಲೆದಿಂಬಿನ ಕವರನ್ನು ಎತ್ತಿ ಕಂಟ್ರೋಲರನ್ನು ಒಳಗೆ ತಳ್ಳಹೊರಟಳು, ಅಷ್ಟರಲ್ಲಿ ಬಲಗೈ ಕೌದಿಯೊಳಗಿಂದ ಹೊರಗೆ ಬಂತು, ನಿಧಾನವಾಗಿ, ಅದರ ಬೆರಳುಗಳು ಬಿಚ್ಚಿದವು, ಒಂದು, ಇನ್ನೊಂದು, ಕಂಟ್ರೋಲರನ್ನು ಅವಳ ಕೈಯಿಂದ ತೆಗೆದುಕೊಂಡವು, ಅವಳು ಎಣ್ಣೆ ತಿಕ್ಕಿದ ಬೆರಳುಗಳು, ಹಣ್ಣು ಒಡೆದು ಒಡೆದು ಬಿಚ್ಚಿಕೊಂಡ ಬೆರಳುಗಳು. ಕಣ್ಣು ಮುಚ್ಚಿಯೇ ಇತ್ತು. ಬೆಳಿಗ್ಗೆ ಚಹಾ ಕೊಡಬೇಕು, ಶಫೀಕನಿಗೆ ಡಬ್ಬಿ ಕೊಡಬೇಕು, ಅರ್ಧ ತಾಸಿಗೊಮ್ಮೆ ಫೋನ್ ಮಾಡಬೇಕು, ಇಲ್ಲೇ ಅದೀನಿ ಎಂದರೆ ಆತ್ರೀ ಎನ್ನಬೇಕು, ತಾರೀಖಿನ ದಿನ ಅಝೀಮನ ಅಂಗಿಗೆ ಇಸ್ತ್ರಿ ಮಾಡಬೇಕು. ಹಿತ್ತಲಲ್ಲಿ ನಿಂತು ಆಡಿದ ಮಾತು, ನೀಲಿ ನಿಂತದ್ದು, ಎರಡೂ ಇಪ್ಪತ್ತೈದು — ಯಾರಿಗೂ ಹೇಳುವುದಿಲ್ಲ, ಅಝೀಮನಿಗಿಲ್ಲ, ವಕೀಲರಿಗಿಲ್ಲ, ಈ ಮುಚ್ಚಿದ ಕಣ್ಣಿಗೂ ಇಲ್ಲ, ಎಂದು ಅವಳು ತೀರ್ಮಾನಿಸಿದಳು, ಅಥವಾ ತೀರ್ಮಾನ ಆಗಲೇ ಆಗಿದ್ದನ್ನು ನೋಡಿದಳು, ನೋಡುತ್ತ ಹಾಸಿಗೆಯ ಪಕ್ಕ ನಿಂತೇ ಇದ್ದಳು, ಕೌದಿಯ ಮೇಲೆ ಮೋತಿಬಿಯ ಬಲಗೈಯ ಹೆಬ್ಬೆರಳು ನಡುವಿನ ಗುಂಡಿಯನ್ನು ಹುಡುಕಿಕೊಂಡು ಬಂದಿತ್ತು, ಅದರ ಮೇಲೆ ಕುಳಿತಿತ್ತು, ಒತ್ತಲಿಲ್ಲ, ಎತ್ತಲೂ ಇಲ್ಲ, ಹೆಬ್ಬೆರಳು, ಗುಂಡಿಯ ಮೇಲೆ, ಹೆಬ್ಬೆರಳು.